ಲೆಕ್ಕ ಚೆಲ್ಲಿದರೆ ಎಲ್ಲಿಗೆ ಹೋಗುತ್ತದೆ?

(ಮಡಿಕೇರಿಯಲ್ಲಿ ವಿಜ್ಞಾನ ಕಥೆಗಳ ಓದುಗರ ಎದುರು ಆಡಿದ ಮಾತುಗಳ ಬರಹ ರೂಪ. ಹೇಳಿದ್ದನ್ನೇ ಮತ್ತೆ ಹೇಳಿದ ಕಡೆ ಕತ್ತರಿ ಹಾಕಿದ್ದೇನೆ. ಸಭಿಕರ ಪ್ರಶ್ನೆಗಳನ್ನು ಉಳಿಸಿಕೊಂಡಿದ್ದೇನೆ.)

ಎಲ್ಲರಿಗೂ ನಮಸ್ಕಾರ. ಕರೆಂಟ್ ಇರುವಷ್ಟು ಹೊತ್ತು ಮೈಕಿನಲ್ಲಿ ಮಾತಾಡುತ್ತೇನೆ. ಹೋದರೆ ಗಟ್ಟಿಯಾಗಿ ಮಾತಾಡುತ್ತೇನೆ. ಮಳೆಗಾಲದಲ್ಲಿ ಇಷ್ಟು ಒಪ್ಪಂದ ಮೊದಲೇ ಮಾಡಿಕೊಂಡರೆ ಒಳ್ಳೆಯದು.

ಇವತ್ತಿನ ಮಾತಿಗೆ ಕಾರಣ ನಿಮ್ಮಲ್ಲಿ ಹಲವರು ಓದಿರುವ ಆ ಕಥೆ. ಬರೆದ ವಿದ್ಯಾರ್ಥಿನಿ ಎರಡನೇ ಸಾಲಿನಲ್ಲಿದ್ದಾರೆ. ಓದದವರಿಗಾಗಿ ಚಿಕ್ಕದಾಗಿ ಹೇಳಿಬಿಡುತ್ತೇನೆ. ವಿರಾಜಪೇಟೆಯ ಹಳೇ ಮನೆಯ ಅಟ್ಟದಲ್ಲಿ ಒಂದು ಕಂಪ್ಯೂಟರ್ ಇದೆ. ಅಜ್ಜ ತೋಟದಲ್ಲಿ ದಿನಾ ಇಂಚು, ಸೆಂಟಿನಲ್ಲಿ ಬರೆದಿಟ್ಟ ಮಳೆ ಲೆಕ್ಕವನ್ನೆಲ್ಲ ಮೊಮ್ಮಗಳು ಅದಕ್ಕೆ ತುಂಬುತ್ತಾಳೆ. ಮುಂದಿನ ವರ್ಷ ಹೂ ಮಳೆ, ಅಂದರೆ ಕಾಫಿ ಹೂ ಅರಳಿಸುವ ಮಳೆ, ಯಾವಾಗ ಬೀಳುತ್ತದೆ ಅಂತ ಕೇಳುತ್ತಾಳೆ. ಎರಡು ದಿನ ಹಿಡಿಯಬೇಕಾದ ಲೆಕ್ಕ ಇಪ್ಪತ್ತು ನಿಮಿಷದಲ್ಲಿ ಮುಗಿಯುತ್ತದೆ. ಅಷ್ಟು ಹೊತ್ತಿಗೆ ಅಟ್ಟ ತಣ್ಣಗಾಗಿರುತ್ತದೆ. ಇನ್ನೊಂದು ಆಯಾಮದಲ್ಲಿ ಇನ್ನೊಂದು ವಿರಾಜಪೇಟೆ ಇದೆ. ಅಲ್ಲಿನ ಅಟ್ಟ ಕಾರಣವೇ ಇಲ್ಲದೆ ಬಿಸಿಯಾಗುತ್ತದೆ. ಅಲ್ಲಿನ ಅಜ್ಜಿ ಹೆದರುವುದಿಲ್ಲ. ಜುಲೈ ತಿಂಗಳು ಅಲ್ವಾ, ಒದ್ದೆ ಬಟ್ಟೆಯನ್ನೆಲ್ಲ ತಂದು ಅಲ್ಲೇ ಒಣಗಿಹಾಕುತ್ತಾಳೆ.

ಆ ಅಜ್ಜಿ ನನಗೆ ತುಂಬ ಇಷ್ಟವಾದರು. ಕಥೆಯಲ್ಲಿ ಈ ವಿದ್ಯಮಾನಕ್ಕೆ 'ಚೆಲ್ಲು ಲೆಕ್ಕ' ಅಂತ ಹೆಸರು. ಕಂಪ್ಯೂಟರ್‌ಗೆ ಹೊರಲಾರದಷ್ಟು ಲೆಕ್ಕ ಕೊಟ್ಟಾಗ ಹೆಚ್ಚಾದದ್ದು ಪಕ್ಕದ ಲೋಕಕ್ಕೆ ಚೆಲ್ಲುತ್ತದೆ. ಇದು ನಿಜವಾ ಸುಳ್ಳಾ ಅಂತ ತೀರ್ಪು ಕೊಡಲು ನಾನು ಬಂದಿಲ್ಲ. ಕಥೆ ಅಂದ ಮೇಲೆ ಕಟ್ಟಿದ್ದೇ. ನನ್ನ ಪ್ರಶ್ನೆ ಬೇರೆ. ಹೀಗೆ ಚೆಲ್ಲುತ್ತಿದ್ದರೆ ನಮಗೆ ಹೇಗೆ ಗೊತ್ತಾಗುತ್ತದೆ? ಯಾವ ಪುಸ್ತಕದಲ್ಲಿ, ಯಾವ ಕಾಲಂನಲ್ಲಿ ವ್ಯತ್ಯಾಸ ಕಾಣುತ್ತದೆ?

ಕಾಫಿ ಬೆಳೆಗಾರರಿಗೆ ಇದನ್ನು ನಾನು ಹೇಳಿಕೊಡಬೇಕಾಗಿಲ್ಲ. ಕಣದಲ್ಲಿ ತೂಗಿದ ಹಣ್ಣಿಗೂ, ಒಣಗಿದ ಚೆರಿಗೂ, ಕೊನೆಗೆ ಓಟಿ (ಚೆರಿಯಿಂದ ಎಷ್ಟು ಕಾಳು ಸಿಗುತ್ತದೆ ಅನ್ನುವ ಲೆಕ್ಕ) ನೋಡಿ ಕೈಗೆ ಬರುವ ದುಡ್ಡಿಗೂ ತಾಳೆ ಆಗಬೇಕು. ತೂಕ ಇಳಿದರೆ ನೀರು ಎಷ್ಟು, ಸಿಪ್ಪೆ ಎಷ್ಟು ಅಂತ ಕೇಳುತ್ತೀರಿ. ಅದೆಲ್ಲ ಕಳೆದ ಮೇಲೂ ಎರಡು ಮೂಟೆ ಕಡಿಮೆ ಬಂದರೆ ಬೇರೆ ಆಯಾಮಕ್ಕೆ ಹೋಯಿತು ಅಂತ ಯಾರೂ ಅನ್ನುವುದಿಲ್ಲ. ಮೊದಲು ತೋಟದ ಲೆಕ್ಕ ಬರೆಯುವ ರೈಟರನ್ನು ಕರೆಸುತ್ತೀರಿ.

ಭೌತಶಾಸ್ತ್ರದಲ್ಲಿ ಒಮ್ಮೆ ಹೀಗೆಯೇ ಲೆಕ್ಕ ಕೂಡಲಿಲ್ಲ. ಕೆಲವು ಪರಮಾಣುಗಳ ಒಳಗಿಂದ ಎಲೆಕ್ಟ್ರಾನ್ ಹೊರಗೆ ಚಿಮ್ಮುತ್ತದೆ. ಒಳಗೆ ಕಡಿಮೆಯಾದಷ್ಟೇ ಶಕ್ತಿಯನ್ನು ಅದು ಹೊತ್ತು ಬರಬೇಕು. 1914ರಲ್ಲಿ ಚಾಡ್ವಿಕ್ ಅನ್ನುವ ವಿಜ್ಞಾನಿ ಅಳೆದಾಗ ಹಾಗೆ ಕಾಣಲಿಲ್ಲ. ಒಂದೊಂದು ಎಲೆಕ್ಟ್ರಾನ್ ಒಂದೊಂದು ರೀತಿ ಬರುತ್ತಿತ್ತು, ಬಹುಪಾಲು ಕಡಿಮೆಯೇ. ಉಳಿದ ಶಕ್ತಿ ಎಲ್ಲಿ? ನೀಲ್ಸ್ ಬೋರ್‌ನಂಥ ದೊಡ್ಡ ವಿಜ್ಞಾನಿಯೇ ಶಕ್ತಿ ಉಳಿಯುತ್ತದೆ ಅನ್ನುವ ನಿಯಮವನ್ನು ಇಲ್ಲಿ ಬಿಟ್ಟುಬಿಡೋಣ ಅನ್ನುವಷ್ಟರ ಮಟ್ಟಿಗೆ ಹೋಗಿದ್ದ. ಪೌಲಿ ಅನ್ನುವ ಇನ್ನೊಬ್ಬ ವಿಜ್ಞಾನಿ ಒಪ್ಪಲಿಲ್ಲ. ಕಣ್ಣಿಗೆ ಬೀಳದ, ಹೆಚ್ಚುಕಡಿಮೆ ಯಾವುದಕ್ಕೂ ತಾಗದ ಒಂದು ಕಣ ಆ ಶಕ್ತಿಯನ್ನು ಹೊತ್ತುಕೊಂಡು ಹೋಗುತ್ತಿದೆ ಅಂತ 1930ರ ಡಿಸೆಂಬರ್‌ನಲ್ಲಿ ಒಂದು ಕಾಗದ ಬರೆದ. ಅದೇ ನ್ಯೂಟ್ರಿನೊ. ಕೈಗೆ ಸಿಕ್ಕಿದ್ದು 1956ರಲ್ಲಿ. 26 ವರ್ಷ ಪುಸ್ತಕದಲ್ಲಿ ಮಾತ್ರ ಇದ್ದ ಕಣ ಅದು.

ಇದರಲ್ಲಿ ನಮ್ಮ ರಾಜ್ಯದ ಪಾಲೂ ಇದೆ. ಆಕಾಶದಿಂದ ಬೀಳುವ ವಿಶ್ವಕಿರಣಗಳು ವಾತಾವರಣಕ್ಕೆ ಬಡಿದಾಗಲೂ ನ್ಯೂಟ್ರಿನೊ ಹುಟ್ಟುತ್ತವೆ. ಅವುಗಳ ಸುಳಿವು ಮೊದಲು ಸಿಕ್ಕ ಜಾಗಗಳಲ್ಲಿ ಕೋಲಾರದ ಚಿನ್ನದ ಗಣಿಯೂ ಒಂದು. 1965ರಲ್ಲಿ, ಎರಡು ಕಿಲೋಮೀಟರಿಗೂ ಜಾಸ್ತಿ ಆಳದಲ್ಲಿ. ಟಾಟಾ ಮೂಲಭೂತ ಸಂಶೋಧನಾ ಸಂಸ್ಥೆಯವರು ಜಪಾನಿನ ಒಸಾಕಾ, ಇಂಗ್ಲೆಂಡಿನ ಡರ್‌ಹ್ಯಾಮ್‌ನವರ ಜೊತೆ ಸೇರಿ ಅಲ್ಲಿ ಕೆಲಸ ಮಾಡಿದ್ದರು. ಆ ತಂಡದಲ್ಲಿದ್ದ ಬಿ.ವಿ. ಶ್ರೀಕಂಠನ್ ನಂಜನಗೂಡಿನವರು. ಇಲ್ಲಿಂದ ಮೈಸೂರಿಗೆ ಹೋಗಿ ಇನ್ನೊಂದರ್ಧ ಗಂಟೆ ಮುಂದೆ ಹೋದರೆ ಅವರ ಊರು.

ಲೆಕ್ಕ ಕೂಡದಿದ್ದರೆ ಎಲ್ಲೋ ಏನೋ ಹೋಗಿದೆ. ಸರಿ, ಕಂಪ್ಯೂಟರ್ ಮಾಡುವ ಲೆಕ್ಕಕ್ಕೆ ಇಂಥ ಜಮಾಖರ್ಚು ಇದೆಯಾ? ಇದೆ. 1961ರಲ್ಲಿ ಐಬಿಎಂ ಕಂಪನಿಯಲ್ಲಿದ್ದ ರಾಲ್ಫ್ ಲ್ಯಾಂಡಾವರ್ ಅದನ್ನು ಬರೆದಿಟ್ಟ. 7ಕ್ಕೆ 5 ಕೂಡಿಸಿದರೆ 12. ಆದರೆ ಬರೀ 12 ನೋಡಿ ಅದು 7 ಮತ್ತು 5ರಿಂದ ಬಂತಾ, 8 ಮತ್ತು 4ರಿಂದ ಬಂತಾ ಅಂತ ಹೇಳಲು ಆಗುವುದಿಲ್ಲ. ನಡುವೆ ಏನೋ ಅಳಿಸಿಹೋಗಿದೆ. ಹಾಗೆ ಅಳಿಸಿದ ಪ್ರತಿ ಬಿಟ್‌ಗೂ, ಅಂದರೆ ಸೊನ್ನೆ ಅಥವಾ ಒಂದು ಅನ್ನುವ ಪ್ರತಿ ಗುರುತಿಗೂ, ಒಂದಿಷ್ಟು ಶಾಖ ಹೊರಗೆ ಬರಲೇಬೇಕು ಅಂದ ಲ್ಯಾಂಡಾವರ್. ನಮ್ಮ ಕೋಣೆಯ ಉಷ್ಣತೆಯಲ್ಲಿ ಅದು ಒಂದು ಜೂಲನ್ನು (ಜೂಲ್ ಅಂದರೆ ಶಕ್ತಿಯ ಅಳತೆ) 1ರ ಮುಂದೆ 21 ಸೊನ್ನೆ ಇರುವ ಸಂಖ್ಯೆಯಿಂದ ಭಾಗಿಸಿದರೆ ಬರುವುದರ ಸುಮಾರು ಮೂರು ಪಟ್ಟು. ತೀರಾ ಚಿಕ್ಕದು. ಇವತ್ತಿನ ಚಿಪ್‌ಗಳು ಇದರ ಸಾವಿರಾರು ಪಟ್ಟು ಖರ್ಚು ಮಾಡುತ್ತವೆ. ಆದರೂ ಈ ಕನಿಷ್ಠ ಇದೆ ಅನ್ನುವುದು ಬರೀ ಮಾತಲ್ಲ. 2012ರಲ್ಲಿ ಫ್ರಾನ್ಸಿನ ಲಿಯೋನ್‌ನಲ್ಲಿ ಒಂದೇ ಒಂದು ಸೂಕ್ಷ್ಮ ಮಣಿಯನ್ನು ಬೆಳಕಿನಲ್ಲಿ ಹಿಡಿದಿಟ್ಟು, ಒಂದು ಬಿಟ್ ಅಳಿಸಿ, ಆ ಶಾಖವನ್ನು ಅಳೆದೇಬಿಟ್ಟರು.

ನನಗೆ ಇದಕ್ಕಿಂತ ಮಜಾ ಅನಿಸುವುದು 1973ರಲ್ಲಿ ಚಾರ್ಲ್ಸ್ ಬೆನೆಟ್ ತೋರಿಸಿದ್ದು. ಏನನ್ನೂ ಅಳಿಸದೆ, ಹಿಂದಕ್ಕೆ ತಿರುಗಿಸಬಹುದಾದ ರೀತಿಯಲ್ಲೇ ಯಾವ ಲೆಕ್ಕವನ್ನಾದರೂ ಮಾಡಬಹುದು. ಲೆಕ್ಕ ಮಾಡುವುದಕ್ಕೆ ಶುಲ್ಕ ಇಲ್ಲ. ಮರೆಯುವುದಕ್ಕೆ ಶುಲ್ಕ.

ಈಗ ಅಟ್ಟಕ್ಕೆ ಹೋಗೋಣ. ಹತ್ತಡಿ ಉದ್ದ, ಹತ್ತಡಿ ಅಗಲ, ಹತ್ತಡಿ ಎತ್ತರದ ಕೋಣೆ ಅಂದುಕೊಳ್ಳಿ. ಒಳಗಿನ ಗಾಳಿ ಹೆಚ್ಚುಕಡಿಮೆ 30 ಕೆಜಿ ತೂಗುತ್ತದೆ. ಕಂಪ್ಯೂಟರ್ 200 ವ್ಯಾಟ್ ಎಳೆಯುತ್ತದೆ ಅನ್ನೋಣ. ಗೋಡೆ, ಹೆಂಚು ಏನೂ ಹೀರಿಕೊಳ್ಳದಿದ್ದರೆ ಎರಡೂವರೆ ನಿಮಿಷಕ್ಕೆ ಒಂದು ಡಿಗ್ರಿಯಂತೆ ಗಾಳಿ ಬಿಸಿಯಾಗಬೇಕು. ಗೋಡೆ ಹೀರುವುದರಿಂದ ಅಷ್ಟು ಆಗುವುದಿಲ್ಲ, ಇರಲಿ. ಆ ಶಾಖವೆಲ್ಲ ಪಕ್ಕದ ಲೋಕಕ್ಕೆ ಚೆಲ್ಲಿದರೆ ಏನಾಗಬೇಕು? ಅಟ್ಟ ಇದ್ದ ಹಾಗೇ ಇರಬೇಕು. ತಣ್ಣಗಾಗಬಾರದು. ಕಥೆಯಲ್ಲಿ ತಣ್ಣಗಾಯಿತು ಅಂದರೆ ತನ್ನ ಶಾಖದ ಜೊತೆಗೆ ಈ ಮನೆಯ ಶಾಖವನ್ನೂ ಕದ್ದು ಹೋಗಿದೆ. ಅದು ಚೆಲ್ಲುವುದಲ್ಲ, ಎಳೆಯುವುದು. ಲೇಖಕಿ ಇಲ್ಲಿ ತಮಗೆ ಗೊತ್ತಿಲ್ಲದೆ ಇನ್ನೂ ದೊಡ್ಡ ಕಥೆಯೊಂದನ್ನು ಶುರು ಮಾಡಿದ್ದಾರೆ ಅಂತ ನನ್ನ ಗುಮಾನಿ. (ಅವರು ನಕ್ಕರು. ಗೊತ್ತಿತ್ತೋ ಏನೋ.)

ಆಯಾಮಗಳ ಬಗ್ಗೆ ಬೇಗ ಹೇಳಿ ಮುಗಿಸುತ್ತೇನೆ. ಭೌತಶಾಸ್ತ್ರದಲ್ಲಿ ಆಯಾಮ ಅಂದರೆ ಒಂದು ದಿಕ್ಕು. ಅದರಲ್ಲಿ ಇನ್ನೊಂದು ವಿರಾಜಪೇಟೆ ಇರಲೇಬೇಕು ಅಂತ ಇಲ್ಲ. ಹೆಚ್ಚಿನ ಆಯಾಮಗಳಿಗೆ ಗುರುತ್ವ ಸೋರುತ್ತಿರಬಹುದು ಅಂತ 1998ರಲ್ಲಿ ಮೂವರು ವಿಜ್ಞಾನಿಗಳು ಗಂಭೀರವಾಗಿಯೇ ಬರೆದರು. ಹಾಗೆ ಸೋರಿದರೆ ತುಂಬ ಹತ್ತಿರದಲ್ಲಿ ಗುರುತ್ವ ನ್ಯೂಟನ್ ಹೇಳಿದ್ದಕ್ಕಿಂತ ಬೇರೆ ರೀತಿ ಏರಬೇಕು. ಅಮೆರಿಕದ ವಾಷಿಂಗ್ಟನ್ ವಿಶ್ವವಿದ್ಯಾಲಯದವರು ತಲೆಕೂದಲಿನ ದಪ್ಪಕ್ಕಿಂತ ಕಡಿಮೆ, 52 ಮೈಕ್ರೋಮೀಟರ್ ದೂರದವರೆಗೂ ಅಳೆದು 2020ರಲ್ಲಿ ಪ್ರಕಟಿಸಿದರು. ನ್ಯೂಟನ್‌ನ ನಿಯಮ ಅಲ್ಲೂ ಕದಲಿಲ್ಲ. ದೂರದಲ್ಲೂ ನೋಡಿದ್ದಾರೆ. 2017ರ ಆಗಸ್ಟ್ 17ರಂದು ಸುಮಾರು 13 ಕೋಟಿ ಜ್ಯೋತಿರ್ವರ್ಷ ಆಚೆ ಎರಡು ನ್ಯೂಟ್ರಾನ್ ನಕ್ಷತ್ರ ಡಿಕ್ಕಿಯಾದದ್ದು ಗುರುತ್ವ ಅಲೆಯಾಗಿಯೂ ಬಂತು, ಬೆಳಕಾಗಿಯೂ ಬಂತು. ಗುರುತ್ವ ದಾರಿಯಲ್ಲಿ ಸೋರಿದ್ದರೆ ಅಲೆ ಕ್ಷೀಣವಾಗಿ, ಡಿಕ್ಕಿ ಇನ್ನೂ ದೂರದ್ದು ಅನ್ನಿಸಬೇಕಿತ್ತು. ಎರಡೂ ಹೇಳಿದ ದೂರ ತಾಳೆಯಾಯಿತು.

ಲೆಕ್ಕ 'ನಡೆಯದೇ ಇದ್ದ ದಾರಿ'ಗೆ ಚೆಲ್ಲಿದ ಉದಾಹರಣೆ ಬೇಕು ಅಂದರೆ ಬೇರೆ ಲೋಕಕ್ಕೆ ಹೋಗಬೇಕಾಗಿಲ್ಲ. ನಿಮ್ಮ ಜೇಬಿನಲ್ಲಿದೆ. ಇವತ್ತಿನ ಪ್ರೊಸೆಸರ್‌ಗಳಿಗೆ ಕಾಯಲು ತಾಳ್ಮೆ ಇಲ್ಲ. ಒಂದು ಕವಲು ಬಂತು ಅನ್ನಿ. ಪಾಸ್‌ವರ್ಡ್ ಸರಿ ಇದ್ದರೆ ಈ ಕಡೆ, ತಪ್ಪಿದ್ದರೆ ಆ ಕಡೆ. ಉತ್ತರ ಬರುವ ಮೊದಲೇ ಅದು ಊಹೆ ಮಾಡಿ ಒಂದು ಕಡೆ ಓಡಿಬಿಡುತ್ತದೆ. ಊಹೆ ತಪ್ಪಾದರೆ ಮಾಡಿದ್ದೆಲ್ಲ ಅಳಿಸಿ ಏನೂ ನಡೆದೇ ಇಲ್ಲ ಅನ್ನುವ ಹಾಗೆ ವಾಪಸ್ ಬರುತ್ತದೆ. ಪ್ರೋಗ್ರಾಂ ಬರೆದವರ ದೃಷ್ಟಿಯಲ್ಲಿ ಆ ದಾರಿಯಲ್ಲಿ ಯಾರೂ ನಡೆದೇ ಇಲ್ಲ. ಆದರೆ ನಡೆದಿದ್ದರ ಗುರುತು ಉಳಿಯುತ್ತದೆ. ಆ ದಾರಿಯಲ್ಲಿ ಮುಟ್ಟಿದ ಮಾಹಿತಿ ಕ್ಯಾಷ್ ಅನ್ನುವ ಹತ್ತಿರದ ಮೆಮೊರಿಗೆ ಬಂದು ಕೂತಿರುತ್ತದೆ. ಅದನ್ನು ಮತ್ತೆ ಕೇಳಿದರೆ ಬೇಗ ಸಿಗುತ್ತದೆ, ಮುಟ್ಟದೇ ಇದ್ದದ್ದು ನಿಧಾನ. ಬರೀ ಈ ಸಮಯದ ವ್ಯತ್ಯಾಸ ನೋಡಿ ಗುಟ್ಟು ಕದಿಯಬಹುದು ಅಂತ 2018ರ ಜನವರಿಯಲ್ಲಿ ಹೊರಗೆ ಬಂತು. ಸ್ಪೆಕ್ಟರ್ ಅಂತ ಹೆಸರಿಟ್ಟರು. ಇಂಟೆಲ್, ಎಎಂಡಿ, ಆರ್ಮ್ ಮೂರೂ ಕಡೆಯ ಚಿಪ್‌ಗಳಿಗೆ ತಾಗಿತು. ಎಷ್ಟೋ ವರ್ಷದಿಂದ ಎಲ್ಲರ ಕಣ್ಣೆದುರೇ ಸೋರುತ್ತಿದ್ದದ್ದು! ಕಥೆ ಬರೆಯುವವರು ಇದನ್ನು ಯಾಕೆ ಜಾಸ್ತಿ ಬಳಸುವುದಿಲ್ಲ ಅಂತ ನನಗೆ ಆಶ್ಚರ್ಯ.

ಹೊರಗಿನಿಂದ ಲೆಕ್ಕದ ಒಳಗೆ ಚೆಲ್ಲುವುದೂ ಉಂಟು. 2003ರಲ್ಲಿ ಬೆಲ್ಜಿಯಂನ ಸ್ಕಾರ್‌ಬೇಕ್‌ನಲ್ಲಿ ಚುನಾವಣೆ. ಒಬ್ಬ ಅಭ್ಯರ್ಥಿಗೆ ಬೀಳಲು ಸಾಧ್ಯವೇ ಇಲ್ಲದಷ್ಟು ಮತ ಬಿತ್ತು. ಮತ್ತೆ ಎಣಿಸಿದರೆ ಹೆಚ್ಚಾದದ್ದು ಸರಿಯಾಗಿ 4,096. ಹನ್ನೆರಡು ಎರಡುಗಳನ್ನು ಒಂದಕ್ಕೊಂದು ಗುಣಿಸಿದರೆ ಬರುವ ಸಂಖ್ಯೆ ಅದು. ಅಂದರೆ ಒಂದೇ ಒಂದು ಬಿಟ್ ಸೊನ್ನೆಯಿಂದ ಒಂದಾಗಿತ್ತು. ವಿಶ್ವಕಿರಣದ ಕಣವೊಂದು ಬಡಿದಿರಬೇಕು ಅನ್ನುವುದು ಊಹೆ, ಸಾಬೀತಾಗಿಲ್ಲ. ಅಂದ ಹಾಗೆ ಮಂಗಳೂರಿಗಿಂತ ಮಡಿಕೇರಿಯಲ್ಲಿ ಇಂಥ ಏಟು ಜಾಸ್ತಿ. ನಾವು ಸಾವಿರ ಮೀಟರಿಗೂ ಮೇಲೆ ಇದ್ದೇವೆ, ತಲೆ ಮೇಲಿನ ಗಾಳಿಯ ಹೊದಿಕೆ ಅಷ್ಟು ತೆಳು. ಮೊಬೈಲ್ ಸುಮ್ನೆ ಆಫ್ ಆದಾಗ ಇದನ್ನು ನೆಪ ಹೇಳಬಹುದು. ಬಹಳ ಸಲ ಬ್ಯಾಟರಿಯದ್ದೇ ತಪ್ಪು.

ಇನ್ನು ಎಲ್ಲರೂ ಕಾಯುತ್ತಿರುವ ವಿಷಯ, ಕ್ವಾಂಟಮ್ ಕಂಪ್ಯೂಟರ್. ಲೆಕ್ಕ ಬೇರೆ ಲೋಕಗಳಲ್ಲಿ ನಡೆಯುತ್ತದೆ ಅನ್ನುವುದನ್ನು ದೊಡ್ಡವರೇ ನಿಜವಾಗಿ ಹೇಳಿರುವುದು ಇಲ್ಲಿ ಮಾತ್ರ. 1957ರಲ್ಲಿ ಹ್ಯೂ ಎವರೆಟ್ ಅನ್ನುವ ಯುವಕ ಪ್ರಿನ್ಸ್‌ಟನ್‌ನಲ್ಲಿ ಒಂದು ವಾದ ಮುಂದಿಟ್ಟ. ಕ್ವಾಂಟಮ್ ಸಮೀಕರಣ ತೋರಿಸುವ ಎಲ್ಲ ಸಾಧ್ಯತೆಗಳೂ ನಿಜ, ನಾವು ಅದರಲ್ಲಿ ಒಂದು ಕವಲಿನಲ್ಲಿದ್ದೇವೆ ಅಷ್ಟೇ. 1985ರಲ್ಲಿ ಡೇವಿಡ್ ಡಾಯ್ಚ್ ಇದನ್ನು ಕಂಪ್ಯೂಟರ್‌ಗೆ ತಂದ. 1994ರಲ್ಲಿ ಪೀಟರ್ ಶೋರ್ ದೊಡ್ಡ ಸಂಖ್ಯೆಗಳನ್ನು ಅಪವರ್ತನಗಳಾಗಿ ಬೇಗ ಒಡೆಯುವ ಕ್ವಾಂಟಮ್ ವಿಧಾನ ಕೊಟ್ಟ. ಆಗ ಡಾಯ್ಚ್ ಕೇಳಿದ ಪ್ರಶ್ನೆ ಜೋರಾಗಿತ್ತು. ನಮಗೆ ಕಾಣುವ ಜಗತ್ತಿನಲ್ಲಿ ಇರುವ ಪರಮಾಣುಗಳೇ 1ರ ಮುಂದೆ 80 ಸೊನ್ನೆಯಷ್ಟು. 250 ಅಂಕಿಯ ಸಂಖ್ಯೆಯೊಂದನ್ನು ಶೋರ್ ವಿಧಾನದಲ್ಲಿ ಒಡೆದರೆ 1ರ ಮುಂದೆ 500 ಸೊನ್ನೆಯಷ್ಟು ಲೆಕ್ಕ ಒಟ್ಟಿಗೆ ನಡೆದ ಹಾಗೆ. ಅದೆಲ್ಲ ನಡೆದದ್ದು ಎಲ್ಲಿ?

2024ರ ಡಿಸೆಂಬರ್‌ನಲ್ಲಿ ಗೂಗಲ್ ತನ್ನ ವಿಲ್ಲೋ ಚಿಪ್ ತೋರಿಸಿತು. 105 ಕ್ಯೂಬಿಟ್, ಅಂದರೆ ಕ್ವಾಂಟಮ್ ಬಿಟ್. ಐದು ನಿಮಿಷದೊಳಗೆ ಮಾಡಿದ ಒಂದು ಪರೀಕ್ಷಾ ಲೆಕ್ಕಕ್ಕೆ ಸೂಪರ್ ಕಂಪ್ಯೂಟರಿಗೆ 1ರ ಮುಂದೆ 25 ಸೊನ್ನೆಯಷ್ಟು ವರ್ಷ ಬೇಕು ಅಂದರು. ಇದು ಹಲವು ಸಮಾನಾಂತರ ವಿಶ್ವಗಳಲ್ಲಿ ಲೆಕ್ಕ ನಡೆಯುತ್ತದೆ ಅನ್ನುವ ವಿಚಾರಕ್ಕೆ ಬಲ ಕೊಡುತ್ತದೆ ಅಂತ ಆ ತಂಡದ ಮುಖ್ಯಸ್ಥ ಹಾರ್ಟ್‌ಮುಟ್ ನೇವೆನ್ ಬರೆದರು. ಪತ್ರಿಕೆಗಳಿಗೆ ಹಬ್ಬ. ಇಂಥ ವರ್ಷಗಳ ಸಂಖ್ಯೆ ಕೇಳಿದಾಗ ನಾನು ಸ್ವಲ್ಪ ತಡೆಯುತ್ತೇನೆ. 2019ರಲ್ಲಿ ಇದೇ ಗೂಗಲ್ 200 ಸೆಕೆಂಡಿನ ಕೆಲಸಕ್ಕೆ 10,000 ವರ್ಷ ಅಂದಿತ್ತು. ಎರಡೂವರೆ ದಿನ ಸಾಕು ಅಂತ ಐಬಿಎಂ ಕೂಡಲೇ ಉತ್ತರ ಕೊಟ್ಟಿತ್ತು.

ಸಂಖ್ಯೆಯ ಜಗಳ ಬಿಡಿ. ಬೇರೆ ಲೋಕದವರು ನಮಗೋಸ್ಕರ ಲೆಕ್ಕ ಮಾಡುತ್ತಿದ್ದಾರೆ ಅನ್ನುವುದನ್ನು ನಾನು ಒಪ್ಪದಿರಲು ಬೇರೆಯೇ ಕಾರಣ ಇದೆ. 10 ಲಕ್ಷ ಹೆಸರಿರುವ ಒಂದು ಪಟ್ಟಿ, ಯಾವ ಕ್ರಮದಲ್ಲೂ ಇಲ್ಲ. ಅದರಲ್ಲಿ ಒಂದು ಹೆಸರು ಹುಡುಕಬೇಕು. ನಾವು ಹುಡುಕಿದರೆ ಸರಾಸರಿ 5 ಲಕ್ಷ ಸಲ ನೋಡಬೇಕು. 10 ಲಕ್ಷ ಲೋಕಗಳಲ್ಲಿ 10 ಲಕ್ಷ ಜನ ಒಬ್ಬೊಬ್ಬರು ಒಂದೊಂದು ಹೆಸರು ನೋಡಿದರೆ ಒಂದೇ ಸಲಕ್ಕೆ ಮುಗಿಯಬೇಕು ಅಲ್ವಾ? ಲವ್ ಗ್ರೋವರ್ 1996ರಲ್ಲಿ ಕೊಟ್ಟ ಕ್ವಾಂಟಮ್ ವಿಧಾನಕ್ಕೆ ಸುಮಾರು 800 ಹೆಜ್ಜೆ ಬೇಕು. ಇದಕ್ಕಿಂತ ಹೇಳಿಕೊಳ್ಳುವಷ್ಟು ಕಡಿಮೆ ಮಾಡಲು ಯಾವ ಕ್ವಾಂಟಮ್ ಕಂಪ್ಯೂಟರಿಗೂ ಆಗುವುದಿಲ್ಲ ಅಂತ ಗಣಿತದಿಂದ ಸಾಬೀತಾಗಿದೆ. ಆ 10 ಲಕ್ಷ ಜನ ನಿಜವಾಗಿ ಕೆಲಸ ಮಾಡಿದ್ದರೆ, ನಮಗೆ ಬಂದ ಕೂಲಿ ತೀರಾ ಕಡಿಮೆ.

ಯಾಕೆ ಹೀಗೆ? ಕ್ವಾಂಟಮ್ ಲೆಕ್ಕದ ಎಲ್ಲ ದಾರಿಗಳೂ ಕೊನೆಗೆ ಒಂದೇ ಕಡೆ ಕೂಡಿ, ತಪ್ಪು ಉತ್ತರಗಳು ಒಂದನ್ನೊಂದು ಹೊಡೆದುಹಾಕಿ, ಸರಿಯಾದದ್ದು ಗಟ್ಟಿಯಾಗಬೇಕು. ದಾರಿಗಳು ಇರುವುದರಿಂದ ಲಾಭ ಇಲ್ಲ, ಕೂಡುವುದರಿಂದ ಲಾಭ. ಕೂಡಬೇಕಾದರೆ ಯಾವ ದಾರಿಯಲ್ಲಿ ಹೋಯಿತು ಅನ್ನುವ ಸುಳಿವು ಹೊರಗಿನ ಯಾವುದಕ್ಕೂ ತಿಳಿಯಬಾರದು. ಒಂದು ಗಾಳಿಯ ಅಣುವಿಗೆ, ಒಂದು ಬೆಳಕಿನ ಕಣಕ್ಕೆ ಗೊತ್ತಾದರೂ ಮುಗಿಯಿತು. ಆಮೇಲೆ ಆ ದಾರಿಗಳು ಕೂಡುವುದೇ ಇಲ್ಲ. ಅದಕ್ಕೇ ಆ ಚಿಪ್‌ಗಳನ್ನು ಸೊನ್ನೆಗಿಂತ 273 ಡಿಗ್ರಿ ಕೆಳಗೆ, ಇಡೀ ಜಗತ್ತಿನಿಂದ ಮುಚ್ಚಿ ಇಡುತ್ತಾರೆ. ಇಷ್ಟೆಲ್ಲ ಮಾಡಿದರೂ ವಿಲ್ಲೋದಂಥ ಚಿಪ್‌ನಲ್ಲಿ ಒಂದು ಕ್ಯೂಬಿಟ್ ಉಳಿಯುವುದು ಸೆಕೆಂಡಿನ ಹತ್ತು ಸಾವಿರದಲ್ಲಿ ಒಂದು ಭಾಗದಷ್ಟು ಹೊತ್ತು.

ಎವರೆಟ್‌ನನ್ನೇ ನಂಬಿದರೂ ಇದು ಬದಲಾಗುವುದಿಲ್ಲ. ಅವನ ಲೆಕ್ಕದಲ್ಲಿ ಲೋಕಗಳು ಬೇರೆಬೇರೆ ಆಗುವುದೇ ಈ ಸುಳಿವು ಹೊರಗೆ ಸೋರಿದ ಗಳಿಗೆಯಲ್ಲಿ. ಸೋರಿದ್ದು ಪಕ್ಕದ ಲೋಕಕ್ಕೆ ಹೋಯಿತು ಅನ್ನಿ, ಬೇಡ. ಹೇಗೂ ನಿಮ್ಮ ಪಾಲಿಗೆ ಅದು ಹೋಯಿತು. ಅಟ್ಟದ ಲೆಕ್ಕ ಇಪ್ಪತ್ತು ನಿಮಿಷದಲ್ಲಿ ಮುಗಿದದ್ದು ಅದು ಚೆಲ್ಲಿದ್ದರಿಂದ ಅಂತ ಕಥೆ ಹೇಳುತ್ತದೆ. ನಮಗೆ ಗೊತ್ತಿರುವ ಭೌತಶಾಸ್ತ್ರದಲ್ಲಿ ಒಂದು ತೊಟ್ಟೂ ಚೆಲ್ಲದೇ ಇದ್ದರೆ ಮಾತ್ರ ಬೇಗ ಮುಗಿಯುತ್ತದೆ. ಚೆಲ್ಲಿದರೆ ಹೂ ಮಳೆಯ ತಾರೀಖೂ ಇಲ್ಲ, ಏನೂ ಇಲ್ಲ. ಅಜ್ಜಿಯ ಬಟ್ಟೆ ಒಣಗಬಹುದು, ಅದು ಬೇರೆ ಮಾತು.

ಇಲ್ಲಿಗೆ ನನ್ನ ಮಾತು ಮುಗಿಯಿತು. ಪ್ರಶ್ನೆ ಕೇಳಿ.

ಮೊದಲು ಎದ್ದವರು ನಿವೃತ್ತ ಸುಬೇದಾರರೊಬ್ಬರು. "ಸಾರ್, ನೀವು ಎಲ್ಲದಕ್ಕೂ ಇಲ್ಲ ಇಲ್ಲ ಅಂದಿರಿ. ಹಾಗಾದರೆ ಈ ಮಕ್ಕಳು ಏನು ಬರೆಯಬೇಕು?"

ಬರೆಯಬಾರದು ಅಂತ ನಾನು ಹೇಳಲಿಲ್ಲ, ಸುಬೇದಾರ್ ಸಾಹೇಬರೇ. ಬಿಲ್ ಯಾರು ಕಟ್ಟುತ್ತಾರೆ ಅಂತ ಬರೆಯಲಿ. ಬೆನೆಟ್ ಹೇಳಿದ್ದು ನೆನಪಿದೆಯಲ್ಲ, ಶುಲ್ಕ ಇರುವುದು ಅಳಿಸುವುದಕ್ಕೆ. ಹಾಗಾದರೆ ಪಕ್ಕದ ಲೋಕಕ್ಕೆ ಹೋಗುವುದು ಲೆಕ್ಕವಲ್ಲ, ನಾವು ಮರೆಯಬೇಕು ಅಂದುಕೊಂಡದ್ದೆಲ್ಲ. ಇಲ್ಲಿ ಅಳಿಸಿದ ಕಾಗದ, ಫೋಟೊ, ತಪ್ಪು ಉತ್ತರ ಎಲ್ಲ ಅಲ್ಲಿನ ಅಟ್ಟದಲ್ಲಿ ಶಾಖವಾಗಿ ಬಂದು ಬೀಳುತ್ತದೆ. ನನಗೆ ಕಥೆ ಬರೆಯಲು ಬರುವುದಿಲ್ಲ. ಬಂದಿದ್ದರೆ ಇದನ್ನು ಯಾರಿಗೂ ಹೇಳುತ್ತಿರಲಿಲ್ಲ.

ಕಥೆ ಬರೆದ ವಿದ್ಯಾರ್ಥಿನಿ ಕೇಳಿದರು. "ಸರ್, ನೇವೆನ್ ಹೇಳಿದ್ದು ತಪ್ಪು ಅಂತೀರಾ?"

ತಪ್ಪು ಅನ್ನಲು ನನ್ನ ಹತ್ತಿರ ಪುರಾವೆ ಇಲ್ಲಮ್ಮ. ಸರಿ ಅನ್ನಲು ಅವರ ಹತ್ತಿರವೂ ಇಲ್ಲ ಅನ್ನುವುದು ನನ್ನ ಮಾತು. ಎವರೆಟ್‌ನನ್ನು ನಂಬುವವರೂ ನಂಬದವರೂ ಅದೇ ಸಮೀಕರಣ ಹಾಕಿ ಅದೇ ಉತ್ತರ ತೆಗೆಯುತ್ತಾರೆ. ವಿಲ್ಲೋ ಆ ಉತ್ತರವನ್ನೇ ಕೊಟ್ಟಿತು. ಇಬ್ಬರೂ ಮೊದಲೇ ಹೇಳಿದ್ದ ಅಂಕಿ ಬಂದಾಗ ಅದರಿಂದ ಒಬ್ಬರು ಗೆದ್ದ ಹಾಗೆ ಆಗುವುದಿಲ್ಲ.

ಕೊನೆಗೆ ಹಿಂದಿನಿಂದ ಒಬ್ಬ ಹೈಸ್ಕೂಲ್ ಹುಡುಗ ಕೈ ಎತ್ತಿದ. "ಸರ್, ನಾವು ಅವರ ಕಡೆ ಚೆಲ್ಲುವುದು ಬಿಡಿ. ಅವರೇ ನಮ್ಮ ಕಡೆ ಚೆಲ್ಲುತ್ತಿದ್ದರೆ?"

ಒಳ್ಳೆ ಪ್ರಶ್ನೆ. ಹಾಗಿದ್ದರೆ ನಮ್ಮ ಕಡೆ ಕಾರಣವಿಲ್ಲದ ಶಾಖ ಕಾಣಬೇಕು. ಅದನ್ನು ಹುಡುಕುವಂಥ ಉಪಕರಣ ನಿಜವಾಗಿ ಇವೆ. ಡಾರ್ಕ್ ಮ್ಯಾಟರ್, ಅಂದರೆ ಗುರುತ್ವದಿಂದ ಮಾತ್ರ ಸುಳಿವು ಸಿಕ್ಕಿರುವ ಕಾಣದ ವಸ್ತು, ಅದನ್ನು ಹಿಡಿಯಲು ಹೊರಟವರು ಶುದ್ಧ ಹರಳುಗಳನ್ನು ಸೊನ್ನೆಗಿಂತ 273 ಡಿಗ್ರಿ ಕೆಳಗೆ ತಣಿಸಿ, ಬೆಟ್ಟದ ಕೆಳಗೆ ಇಟ್ಟು, ಅದರಲ್ಲಿ ಒಂದು ಸಣ್ಣ ಬಿಸಿ ಹುಟ್ಟಿದರೂ ಗೊತ್ತಾಗುವ ಹಾಗೆ ಕಾಯುತ್ತಾರೆ. ಇಟಲಿಯ ಗ್ರಾನ್ ಸಾಸೊ ಬೆಟ್ಟದ ಕೆಳಗೆ ಕ್ರೆಸ್ಟ್ ಅಂತ ಒಂದು ಪ್ರಯೋಗ ಇದೆ. ಅಲ್ಲೂ, ಇಂಥ ಬೇರೆ ಕೆಲವು ಕಡೆಯೂ ಲೆಕ್ಕಕ್ಕೆ ಸಿಗದ ಸಣ್ಣಸಣ್ಣ ಬಿಸಿಯ ಮಿಡಿತಗಳು ಬೇಕಾದ್ದಕ್ಕಿಂತ ಜಾಸ್ತಿ ಕಾಣುತ್ತಿವೆ. ಅದರ ಬಗ್ಗೆಯೇ ವಿಜ್ಞಾನಿಗಳು 2021ರಿಂದ ಸಭೆ ಸೇರಿ ತಲೆ ಕೆಡಿಸಿಕೊಳ್ಳುತ್ತಿದ್ದಾರೆ.

ಹುಡುಗ ಪಕ್ಕದವನ ಭುಜ ತಟ್ಟಿದ. ಸಭೆಯಲ್ಲಿ ಗುಸುಗುಸು ಶುರುವಾಯಿತು. ತಡೀರಿ ಅಂದೆ. ಆ ಮಿಡಿತಗಳು ಹರಳನ್ನು ತಣಿಸಿದ ಹೊಸದರಲ್ಲಿ ಜಾಸ್ತಿ ಇರುತ್ತವೆ, ದಿನ ಕಳೆದ ಹಾಗೆ ಕಡಿಮೆಯಾಗುತ್ತವೆ. ಸ್ವಲ್ಪ ಬಿಸಿ ಮಾಡಿ ಮತ್ತೆ ತಣಿಸಿದರೆ ಪುನಃ ಏರುತ್ತವೆ. ಪಕ್ಕದ ಲೋಕದವರಿಗೆ ನಮ್ಮ ಫ್ರಿಜ್ಜಿನ ಟೈಂಟೇಬಲ್ ಗೊತ್ತಿರುವುದು ಕಷ್ಟ. ಹಾಗಾಗಿ ಸದ್ಯಕ್ಕೆ ಸಂಶಯ ಹರಳಿನ ಒಳಗಿನ ಬಿಗಿತದ ಮೇಲೆ, ಮತ್ತೆ ಅದನ್ನು ಹಿಡಿದಿಟ್ಟ ಕ್ಲಾಂಪಿನ ಮೇಲೆ.